ಮದುವೆಯ ವಯಸ್ಸು, ಸಾಮ್ರಾಜ್ಯದ ಸೋಗು

ಹುಡುಗಿಯ ಮದುವೆಯ ವಯಸ್ಸಿನ ಚರ್ಚೆ ಒಂದು ಸಾಮ್ರಾಜ್ಯದ ಬುಡ ಅಲುಗಿಸಬಲ್ಲದೇ? ಇತಿಹಾಸಕಾರರಾದ ಮೃಣಾಲಿನಿ ಸಿನ್ಹಾ 2006ರ ತಮ್ಮ 'ಸ್ಪೆಕ್ಟರ್ಸ್ ಆಫ್ ಮದರ್ ಇಂಡಿಯಾ' ಕೃತಿಯಲ್ಲಿ ಹೇಳುವ ಕಥೆ ಅದೇ.

1927ರಲ್ಲಿ ಅಮೆರಿಕದ ಲೇಖಕಿ ಕ್ಯಾಥರಿನ್ ಮೇಯೊ 'ಮದರ್ ಇಂಡಿಯಾ' ಬರೆದರು. ಎಳೆಯ ಹುಡುಗಿಯರನ್ನು ಬಸಿರು ಬಾಣಂತನಕ್ಕೆ ದೂಡುವ ಜನಕ್ಕೆ ಸ್ವರಾಜ್ಯದ ಯೋಗ್ಯತೆ ಎಲ್ಲಿದೆ ಎಂಬುದು ಅವರ ವಾದ. ದೇಶ ಕೆರಳಿತು. ಆ ಕೃತಿಯನ್ನು ಖಂಡಿಸಲು ಪುಸ್ತಕಗಳೇ ಬಂದವು. ಆದರೆ ಮಹಿಳಾ ಸಂಘಟನೆಗಳ ನಡೆ ನೋಡಿ: ಮೇಯೊ ಮಾತಿಗೆ ತಲೆಬಾಗಲಿಲ್ಲ, ಬಾಲ್ಯವಿವಾಹವನ್ನು ಸಮರ್ಥಿಸಲೂ ಇಲ್ಲ. ಕಾನೂನು ಬೇಕೆಂದು ಪಟ್ಟು ಹಿಡಿದವು. ಆಗ ಮೊದಲು ಹಿಂದೇಟು ಹಾಕಿದ್ದು ಬ್ರಿಟಿಷ್ ಸರ್ಕಾರವೇ! ಹೆಣ್ಣನ್ನು ಉದ್ಧರಿಸಲು ಬಂದವರು ತಾವೆಂಬ ಸೋಗು ಅಲ್ಲಿ ಕಳಚಿಬಿತ್ತು. ಕೊನೆಗೆ ಬಂದ 1929ರ ಸಾರದಾ ಕಾಯ್ದೆ ಮದುವೆಗೆ ಹುಡುಗಿಗೆ ಕನಿಷ್ಠ 14, ಹುಡುಗನಿಗೆ 18 ವರ್ಷ ಎಂದು ಗೊತ್ತುಮಾಡಿತು, ಎಲ್ಲ ಧರ್ಮದವರಿಗೂ.

ನಮ್ಮ ಮೈಸೂರು ಸಂಸ್ಥಾನ 1894ರಲ್ಲೇ 8 ತುಂಬದ ಹೆಣ್ಣುಮಕ್ಕಳ ಮದುವೆಯನ್ನು ನಿಷೇಧಿಸಿತ್ತು. ಎಂಟು! ಅಂದಿನ ಸ್ಥಿತಿ ಹೇಗಿತ್ತೆಂದು ಊಹಿಸಿಕೊಳ್ಳಿ.

ದೇಶವನ್ನು ಮಾತೆಯೆಂದು ಕೊಂಡಾಡುವುದು ಸುಲಭ. ಹೆಣ್ಣು ತಾನೇ ಎದ್ದುನಿಂತು, ಪ್ರಜೆಯಾಗಿ ಹಕ್ಕು ಕೇಳಿದ್ದು ನನ್ನ ಪಾಲಿಗೆ ಅದಕ್ಕಿಂತ ದೊಡ್ಡ ಸಂಗತಿ.

ಈಗ ಹುಡುಗಿಗೆ ಕಾನೂನಿನ ವಯಸ್ಸು 18. ನಿಮ್ಮೂರಲ್ಲಿ ಅದಕ್ಕೆ ಮೊದಲೇ ಮದುವೆ ಗೊತ್ತಾಗಿರುವ ಸುಳಿವು ಸಿಕ್ಕರೆ, ದಯವಿಟ್ಟು ಮಕ್ಕಳ ಸಹಾಯವಾಣಿ 1098ಕ್ಕೆ ಕರೆ ಮಾಡಿ.