ಭವನಿ ಭವಾಯಿ: ನಗಿಸುತ್ತಲೇ ಕೇಳುವ ಸಿನಿಮಾ

ಪಾಂಡೇಸರಾದ ಡೈಯಿಂಗ್ ಮಿಲ್ಲುಗಳ ನಡುವೆ ಕೂತು, ಇವತ್ತು ಒಂದು ಗುಜರಾತಿ ಸಿನಿಮಾದ ಬಗ್ಗೆ ಕನ್ನಡದಲ್ಲಿ ಮಾತಾಡ್ತೀನಿ. ಕೇತನ್ ಮೆಹ್ತಾ ಅವರ 1980ರ ‘ಭವನಿ ಭವಾಯಿ’.

ಭವಾಯಿ ಅಂದ್ರೆ ಗುಜರಾತಿನ ಬಯಲಾಟ ಅಂದ್ಕೊಳ್ಳಿ. ಅದನ್ನು ಕಟ್ಟಿದ ಅಸಾಯಿತ ಠಾಕರ್ ಬ್ರಾಹ್ಮಣ. ರೈತರ ಮನೆಯ ಹುಡುಗಿಯನ್ನು ಉಳಿಸೋಕೆ ಅವಳ ಜೊತೆ ಊಟ ಮಾಡಿ ಜಾತಿಯಿಂದ ಹೊರಬಿದ್ದ ಅಂತ ಕಥೆ ಇದೆ. ಆ ಸಿಟ್ಟು ಈ ಸಿನಿಮಾದಲ್ಲೂ ಇದೆ.

ನಾಸಿರುದ್ದೀನ್ ಶಾ ಪೆದ್ದು ರಾಜ. ಸ್ಮಿತಾ ಪಾಟೀಲ್, ಓಂ ಪುರಿ, ಮೋಹನ್ ಗೋಖಲೆ ಎಲ್ಲರೂ ಒಂದೇ ಮೇಳದವರ ಹಾಗೆ ಆಡ್ತಾರೆ. ಹೀರೋ ಒಬ್ಬನದೇ ಆಟ ಅಲ್ಲ ಇದು.

ರಾಜನನ್ನು ನೋಡಿ ನಗ್ತಾ ಇರ್ತೀವಿ. ಅಷ್ಟರಲ್ಲಿ ಕೊರಳಿಗೆ ಉಗುಳುವ ಕುಡಿಕೆ, ಬೆನ್ನಿಗೆ ಪೊರಕೆ ಕಟ್ಟಿಕೊಂಡ ಜನ ಕಾಣ್ತಾರೆ. ನಗು ಗಂಟಲಲ್ಲೇ ಉಳಿಯುತ್ತೆ. ಮೆಟ್ಟಿಲುಬಾವಿಗೆ ನೀರು ಬರಬೇಕು ಅಂದ್ರೆ ಅವರ ಹುಡುಗನನ್ನೇ ಬಲಿ ಕೊಡಬೇಕಂತೆ! ಕಥೆ ಹೇಳುವವನು ಸುಖಾಂತ್ಯ ಮಾಡಿ ಮುಗಿಸ್ತಾನೆ. ಅದನ್ನು ಒಪ್ಪದೆ ಸಿನಿಮಾ ಇನ್ನೊಂದು ಅಂತ್ಯವನ್ನೂ ತೋರಿಸುತ್ತೆ.

ಪಾಳಿ ಮುಗಿಸಿ ಬಂದವರೂ ಒಮ್ಮೆ ನೋಡಿ. ನೋಡುವಾಗ ಒಂದೇ ಪ್ರಶ್ನೆ ಇಟ್ಕೊಳ್ಳಿ: ಆ ಸುಖಾಂತ್ಯದಿಂದ ಸಮಾಧಾನ ಯಾರಿಗೆ?