ನೋವು ಹೋಯಿತು, ತಡೆ ಹೋಯಿತೇ?



ಮೂತ್ರನಾಳದ ತಡೆಯನ್ನು ಕುರಿತ ಈ ವಿಚಾರ ಸಂಕಿರಣ ದೊಡ್ಡಾಸ್ಪತ್ರೆಯ ಸಭಾಂಗಣದಲ್ಲಿ ನಡೆಯದೆ ಬೆಂಗಳೂರಿನ ಶ್ರೀಗಂಧದ ಕಾವಲ್‌ನಲ್ಲಿ ನಡೆಯುತ್ತಿರುವುದು ಸರಿಯಾದ ನಿರ್ಧಾರ. ಮಾಗಡಿ ರಸ್ತೆಯಿಂದ ಸುಂಕದಕಟ್ಟೆ, ಹೆಗ್ಗನಹಳ್ಳಿ, ಲಗ್ಗೆರೆಗಳನ್ನು ಬಳಸಿ ಪೀಣ್ಯದವರೆಗೆ ಹಬ್ಬಿರುವ ಈ ಭಾಗ ದುಡಿಯುವವರದು. ಗಾರ್ಮೆಂಟ್ಸ್‌ನಲ್ಲಿ ಹೊಲಿಗೆ ಯಂತ್ರದ ಮುಂದೆ ಕೂತವರು, ಲೇತ್ ಬಳಿ ನಿಂತವರು, ಬಿಸಿಯ ನಡುವೆ ಕೆಲಸ ಮಾಡುವವರು ಇಲ್ಲಿ ಮನೆಮನೆಯಲ್ಲೂ ಇದ್ದಾರೆ. ಅವರಿಗೆ ಪಕ್ಕೆನೋವು ಬಂದಾಗ ಮೊದಲು ಕಾಣುವುದು ಯೂರಾಲಜಿಸ್ಟರನ್ನಲ್ಲ. ಮೊದಲು ಮೆಡಿಕಲ್ ಶಾಪ್, ಆಮೇಲೆ ಬೀದಿಯ ಕ್ಲಿನಿಕ್, ಅದೂ ಸಾಲದೆ ಹೋದರೆ ಸ್ಕ್ಯಾನಿಂಗ್ ಸೆಂಟರ್. ಮೂತ್ರಪಿಂಡ ಉಳಿಯುತ್ತದೆಯೋ ಇಲ್ಲವೋ ಎಂಬುದು ಬಹುಪಾಲು ಈ ಮೊದಲ ಮೂರು ಮೆಟ್ಟಿಲುಗಳಲ್ಲೇ ತೀರ್ಮಾನವಾಗುತ್ತದೆ. ಹಾಗಾಗಿ ಇಂದಿನ ಗೋಷ್ಠಿಗಳಿಗೆ ಪೀಠಿಕೆಯಾಗಿ ಒಂದೇ ವಾದವನ್ನು ನಿಮ್ಮ ಮುಂದಿಡುತ್ತೇನೆ. ನಾವು ನೋವಿಗೆ ಚಿಕಿತ್ಸೆ ಕೊಡುತ್ತಿದ್ದೇವೆ, ತಡೆಗೆ ಗಡುವು ಕೊಡುತ್ತಿಲ್ಲ. ನೋವು ನಿಂತ ದಿನ ರೋಗಿಯೂ ನಿಶ್ಚಿಂತ, ವೈದ್ಯನೂ ನಿಶ್ಚಿಂತ. ಆ ನಿಶ್ಚಿಂತೆಗೆ ಶರೀರಶಾಸ್ತ್ರದಲ್ಲಿ ಆಧಾರವಿಲ್ಲ.

ಆಧಾರವಿಲ್ಲವೆಂದು ಏಕೆ ಹೇಳುತ್ತೇನೆಂದರೆ, ಮೂತ್ರನಾಳ ಸುಮಾರು 25ರಿಂದ 30 ಸೆಂಟಿಮೀಟರ್ ಉದ್ದದ, ಕೆಲವೇ ಮಿಲಿಮೀಟರ್ ಒಳಗಲದ ಸ್ನಾಯುವಿನ ಕೊಳವೆ. ಮೂತ್ರಪಿಂಡದಿಂದ ಹೊರಡುವಲ್ಲಿ, ಸೊಂಟದ ದೊಡ್ಡ ರಕ್ತನಾಳಗಳನ್ನು ದಾಟುವಲ್ಲಿ, ಮೂತ್ರಕೋಶವನ್ನು ಸೇರುವಲ್ಲಿ ಅದು ಕಿರಿದಾಗುತ್ತದೆ; ಕಲ್ಲು ಸಿಕ್ಕಿಕೊಳ್ಳುವುದೂ ಹೆಚ್ಚಾಗಿ ಈ ಮೂರು ಕಡೆಗಳಲ್ಲೇ. ತಡೆಯಾದ ತಕ್ಷಣ ಮೇಲಿನ ಭಾಗದಲ್ಲಿ ಒತ್ತಡ ಏರಿ, ಪ್ರಾಣ ಹೋದಂತಾಗುವ ನೋವು ಬರುತ್ತದೆ. ಆದರೆ ಒತ್ತಡ ಹಾಗೇ ಏರಿ ನಿಲ್ಲುವುದಿಲ್ಲ. ಮೊದಲ ಕೆಲವು ಗಂಟೆಗಳ ನಂತರ ಮೂತ್ರಪಿಂಡಕ್ಕೆ ಬರುವ ರಕ್ತ ಕಡಿಮೆಯಾಗುತ್ತದೆ, ಸೋಸುವ ಕೆಲಸ ತಗ್ಗುತ್ತದೆ, ಒಳಗಿನ ಕುಹರ ಹಿಗ್ಗಿ ಒತ್ತಡಕ್ಕೆ ಎಡೆಮಾಡಿಕೊಡುತ್ತದೆ. ನೋವೂ ಇಳಿಯುತ್ತದೆ. ಕಲ್ಲು ಜಾರಿ ಬಿದ್ದರೂ ನೋವು ಇಳಿಯುತ್ತದೆ, ಮೂತ್ರಪಿಂಡ ಸೋತು ಕೈಚೆಲ್ಲಿದರೂ ನೋವು ಇಳಿಯುತ್ತದೆ. ಹೊರಗಿನಿಂದ ನೋಡುವವರಿಗೆ ಎರಡೂ ಒಂದೇ ತರಹ ಕಾಣುತ್ತವೆ. ನೋವು ಪೂರ್ತಿ ಹೋದವರಲ್ಲಿಯೂ ಒಂದು ಪಾಲಿನವರಲ್ಲಿ ಕಲ್ಲು ಇದ್ದಲ್ಲೇ ಇರುವುದನ್ನು ಮರುಸ್ಕ್ಯಾನ್‌ಗಳು ತೋರಿಸಿವೆ.

ರೋಗಿ ನಂಬುವ ಉಳಿದೆರಡು ಗುರುತುಗಳೂ ಇಷ್ಟೇ ದುರ್ಬಲ. ‘ಮೂತ್ರ ಚೆನ್ನಾಗಿಯೇ ಹೋಗುತ್ತಿದೆ’ ಎನ್ನುತ್ತಾರೆ. ಅದು ಇನ್ನೊಂದು ಬದಿಯ ಮೂತ್ರಪಿಂಡದ ಕೆಲಸವಾಗಿರಬಹುದು. ‘ಕ್ರಿಯಾಟಿನಿನ್ ನಾರ್ಮಲ್ ಬಂದಿದೆ’ ಎನ್ನುತ್ತಾರೆ. ಒಂದು ಮೂತ್ರಪಿಂಡ ಪೂರ್ತಿ ನಿಂತರೂ ಇನ್ನೊಂದು ಆರೋಗ್ಯವಾಗಿದ್ದರೆ ರಕ್ತಪರೀಕ್ಷೆ ಬಹುತೇಕ ಸರಿಯಾಗಿಯೇ ಬರುತ್ತದೆ. ಮೂತ್ರದಲ್ಲಿ ರಕ್ತದ ಅಂಶ ಕಾಣದ ಮಾತ್ರಕ್ಕೆ ಕಲ್ಲಿಲ್ಲವೆನ್ನಲೂ ಬರುವುದಿಲ್ಲ. ಕಲ್ಲಿದ್ದವರಲ್ಲಿ ಹತ್ತರಲ್ಲೊಬ್ಬರಿಗಾದರೂ ಅದು ಕಾಣಿಸುವುದಿಲ್ಲ. ಹೀಗೆ ನೋವು, ಮೂತ್ರ, ರಕ್ತ ಮೂರೂ ‘ಏನಿಲ್ಲ’ ಎನ್ನುವಾಗ ಒಂದು ಮೂತ್ರಪಿಂಡ ಸದ್ದಿಲ್ಲದೆ ಬತ್ತಿಹೋಗಬಹುದು. ಎಷ್ಟು ದಿನಗಳಲ್ಲಿ? 1970ರ ಸುಮಾರಿಗೆ ನಾಯಿಗಳ ಮೇಲೆ ನಡೆದ ಪ್ರಯೋಗಗಳು ಇದಕ್ಕೊಂದು ಅಂದಾಜು ಕೊಟ್ಟವು. ಪೂರ್ಣ ತಡೆಯನ್ನು ಒಂದು ವಾರದೊಳಗೆ ಬಿಡಿಸಿದರೆ ಸೋಸುವ ಶಕ್ತಿ ಪೂರ್ತಿ ಮರಳಿತು. ಎರಡು ವಾರ ಕಳೆದರೆ ಸುಮಾರು 70 ಶೇಕಡ, ನಾಲ್ಕು ವಾರ ಕಳೆದರೆ ಸುಮಾರು 30 ಶೇಕಡ. ಆರು ವಾರಗಳ ನಂತರ ಏನೂ ಮರಳಲಿಲ್ಲ. ಮನುಷ್ಯರಲ್ಲಿ ಕಲ್ಲು ಒಡ್ಡುವ ತಡೆ ಹೆಚ್ಚಾಗಿ ಅರೆತಡೆ, ಆದ್ದರಿಂದ ನಮಗೆ ಸಿಗುವ ಅವಧಿ ಇದಕ್ಕಿಂತ ಉದಾರವಾದದ್ದು. ಆದರೆ ಅವಧಿಯೊಂದು ಇದೆ, ಅದು ವಾರಗಳ ಲೆಕ್ಕದ್ದು, ನೋವಿನ ಏರಿಳಿತಕ್ಕೂ ಅದಕ್ಕೂ ಸಂಬಂಧವಿಲ್ಲ. ಇಷ್ಟನ್ನು ಒಪ್ಪಿದರೆ ಉಳಿದೆಲ್ಲ ತೀರ್ಮಾನಗಳು ಇದರಿಂದಲೇ ಹುಟ್ಟುತ್ತವೆ.

ಇದಕ್ಕೆ ಮೊದಲ ಆಕ್ಷೇಪ ವೈದ್ಯರಿಂದಲೇ ಬರುತ್ತದೆ. ಕಲ್ಲುಗಳು ಬಹುತೇಕ ತಾವಾಗಿಯೇ ಬೀಳುತ್ತವೆ, ಜನರನ್ನು ಹೆದರಿಸುವುದೇಕೆ? ಮಾತು ನಿಜ. 5 ಮಿಲಿಮೀಟರ್‌ಗಿಂತ ಚಿಕ್ಕ ಕಲ್ಲುಗಳಲ್ಲಿ ಸುಮಾರು ಮೂರರಲ್ಲಿ ಎರಡು, 5ರಿಂದ 10 ಮಿಲಿಮೀಟರಿನವುಗಳಲ್ಲಿ ಅರ್ಧದ ಹತ್ತಿರ ತಾವಾಗಿಯೇ ಹೊರಬೀಳುತ್ತವೆ. ಆದರೆ ಅಧ್ಯಯನಗಳು ಇನ್ನೊಂದು ಮಾತನ್ನೂ ಹೇಳುತ್ತವೆ: 4 ಮಿಲಿಮೀಟರ್ ವರೆಗಿನ ಕಲ್ಲುಗಳಲ್ಲಿ ಬೀಳುವಂಥವು ಬಹುತೇಕ ನಲವತ್ತು ದಿನಗಳೊಳಗೆ ಬಿದ್ದುಬಿಡುತ್ತವೆ. ಆಮೇಲೂ ಕಾಯುವುದಕ್ಕೆ ವೈಜ್ಞಾನಿಕ ಸಮರ್ಥನೆ ಇಲ್ಲ. ಹಾಗಾಗಿಯೇ ಅಂತರರಾಷ್ಟ್ರೀಯ ಮಾರ್ಗಸೂಚಿಗಳು ಕಾಯುವುದಕ್ಕೆ ನಾಲ್ಕರಿಂದ ಆರು ವಾರಗಳ ಮಿತಿ ಹಾಕಿವೆ. ಕಾಯುವುದು ತಪ್ಪಲ್ಲ, ತಾರೀಖು ಹಾಕದೆ ಕಾಯುವುದು ತಪ್ಪು. ಕಲ್ಲು ಬೀಳಲೆಂದು ಕೊಡುವ ಟ್ಯಾಮ್ಸುಲೊಸಿನ್ ಮಾತ್ರೆಗೂ ಇದೇ ಮಾತು ಅನ್ವಯಿಸುತ್ತದೆ. 2015ರಲ್ಲಿ ಲ್ಯಾನ್ಸೆಟ್ ಪತ್ರಿಕೆಯಲ್ಲಿ ಪ್ರಕಟವಾದ ಬ್ರಿಟನ್ನಿನ ದೊಡ್ಡ ಪ್ರಯೋಗದಲ್ಲಿ ಅದಕ್ಕೂ ಹುಸಿಮಾತ್ರೆಗೂ ವ್ಯತ್ಯಾಸ ಕಾಣಲಿಲ್ಲ. ಕೆಳಭಾಗದ, 5 ಮಿಲಿಮೀಟರಿಗಿಂತ ದೊಡ್ಡ ಕಲ್ಲುಗಳಲ್ಲಿ ಸ್ವಲ್ಪ ಉಪಯೋಗವಿದೆಯೆಂದು ಬೇರೆ ಅಧ್ಯಯನಗಳು ಹೇಳುತ್ತವೆ. ಬರೆದುಕೊಡುವುದಾದರೆ ಚೀಟಿಯಲ್ಲಿ ಮರುಸ್ಕ್ಯಾನಿನ ತಾರೀಖನ್ನೂ ಬರೆಯಬೇಕು.

ಎರಡನೆಯ ಆಕ್ಷೇಪ ಬಾಳೆದಿಂಡಿನ ರಸ, ಬಾರ್ಲಿ ನೀರು, ಹುರುಳಿ ಕಟ್ಟುಗಳನ್ನು ನಂಬಿದವರದು. ಇವುಗಳನ್ನು ಹಾಸ್ಯ ಮಾಡುವುದು ಸುಲಭ, ಪ್ರಯೋಜನವಿಲ್ಲ. ಹೆಚ್ಚು ನೀರು ಕುಡಿದರೆ ಮತ್ತೆ ಕಲ್ಲಾಗುವ ಸಾಧ್ಯತೆ ಕಡಿಮೆಯಾಗುತ್ತದೆ ಎಂಬುದು ರುಜುವಾತಾದ ಸಂಗತಿ. 1996ರಲ್ಲಿ ಪ್ರಕಟವಾದ ಇಟಲಿಯ ಐದು ವರ್ಷಗಳ ಅಧ್ಯಯನದಲ್ಲಿ ಹೆಚ್ಚು ನೀರು ಕುಡಿದವರಲ್ಲಿ 12 ಶೇಕಡ ಜನರಿಗೆ ಮಾತ್ರ ಕಲ್ಲು ಮರುಕಳಿಸಿತು, ಉಳಿದವರಲ್ಲಿ 27 ಶೇಕಡ ಜನರಿಗೆ. ಆದರೆ ಮುಂದೆ ಬರಬಹುದಾದ ಕಲ್ಲನ್ನು ತಡೆಯುವುದು ಬೇರೆ, ಈಗ ಸಿಕ್ಕಿಕೊಂಡ ಕಲ್ಲನ್ನು ನೂಕುವುದು ಬೇರೆ. ನೋವಿನ ಸಮಯದಲ್ಲಿ ಬಲವಂತವಾಗಿ ಕೊಡಗಟ್ಟಲೆ ನೀರು ಕುಡಿಸಿದರೆ ಕಲ್ಲು ಬೇಗ ಬೀಳುತ್ತದೆ ಎನ್ನಲು ಪುರಾವೆ ಸಿಕ್ಕಿಲ್ಲ. ಮನೆಮದ್ದು ಮಾಡುವವರಿಗೆ ನಾವು ಹೇಳಬೇಕಾದ್ದು ‘ಬಿಡಿ’ ಎಂದಲ್ಲ. ‘ಮಾಡಿ, ಆದರೆ ಸ್ಕ್ಯಾನ್ ಮಾಡಿಸಿದ ಮೇಲೆ, ಕೊಟ್ಟ ತಾರೀಖಿನೊಳಗೆ’ ಎಂದು.

ಮೂರನೆಯದು ಖರ್ಚು ಮತ್ತು ವಿಕಿರಣದ ಆಕ್ಷೇಪ. ಎಲ್ಲರಿಗೂ ಸಿ.ಟಿ. ಮಾಡಿಸಲಾಗುತ್ತದೆಯೇ? ಬೇಕಿಲ್ಲ. ಬಣ್ಣದ ದ್ರವ ಹಾಕದ ಸಿ.ಟಿ. 95 ಶೇಕಡಕ್ಕಿಂತ ಹೆಚ್ಚು ಕಲ್ಲುಗಳನ್ನು ಹಿಡಿಯುತ್ತದೆ, ಎಕ್ಸ್‌ರೇಯಲ್ಲಿ ಕಾಣದ ಯೂರಿಕ್ ಆಮ್ಲದ ಕಲ್ಲನ್ನೂ ತೋರಿಸುತ್ತದೆ. ಅಲ್ಟ್ರಾಸೌಂಡಿಗೆ ಮೂತ್ರನಾಳದ ನಡುಭಾಗ ಸರಿಯಾಗಿ ಕಾಣುವುದಿಲ್ಲ. ಆದರೂ 2014ರ ಅಮೆರಿಕದ ದೊಡ್ಡ ಅಧ್ಯಯನವೊಂದು, ಅಲ್ಟ್ರಾಸೌಂಡಿನಿಂದ ಆರಂಭಿಸಿ ಅಗತ್ಯವಿದ್ದವರಿಗಷ್ಟೇ ಸಿ.ಟಿ. ಮಾಡಿಸಿದರೆ ಗಂಭೀರ ತೊಂದರೆಗಳು ಹೆಚ್ಚುವುದಿಲ್ಲ ಎಂದು ತೋರಿಸಿತು. ಗರ್ಭಿಣಿಯರಲ್ಲಿ, ಮಕ್ಕಳಲ್ಲಿ ಅಲ್ಟ್ರಾಸೌಂಡೇ ಮೊದಲ ಆಯ್ಕೆ. ಇಲ್ಲೊಂದು ಎಚ್ಚರಿಕೆಯೂ ಬೇಕು. ವರದಿಯಲ್ಲಿ ‘ಹೈಡ್ರೋನೆಫ್ರೋಸಿಸ್’ ಎಂದಿದ್ದರೆ ಮೂತ್ರಪಿಂಡ ಹಿಗ್ಗಿದೆ ಎಂದಷ್ಟೇ ಅರ್ಥ, ತಡೆಯಿದೆ ಎಂದಲ್ಲ. ಗರ್ಭಿಣಿಯರಲ್ಲಿ, ವಿಶೇಷವಾಗಿ ಬಲಬದಿಯಲ್ಲಿ, ಈ ಹಿಗ್ಗುವಿಕೆ ಸಾಮಾನ್ಯ. ಗರ್ಭದಲ್ಲೇ ಮಗುವಿನ ಮೂತ್ರಪಿಂಡ ಹಿಗ್ಗಿದ್ದು ಕಂಡರೆ ಅನೇಕ ಸಲ ಹುಟ್ಟಿದ ಮೇಲೆ ತಾನಾಗಿ ಸರಿಹೋಗುತ್ತದೆ. ತಡೆ ನಿಜವೇ, ಎಷ್ಟು ಕೆಲಸ ಉಳಿದಿದೆ ಎಂಬುದನ್ನು ಹೇಳುವುದು ಡಿ.ಟಿ.ಪಿ.ಎ.ಯಂಥ ರೀನಲ್ ಸ್ಕ್ಯಾನ್. ಅಂದರೆ ಗಡುವಿನ ಮಾತು ಎಲ್ಲರನ್ನೂ ಶಸ್ತ್ರಚಿಕಿತ್ಸೆಗೆ ಅಟ್ಟುವ ಮಾತಲ್ಲ. ಯಾರನ್ನೂ ನೋಡದೆ ಬಿಡಬಾರದೆಂಬ ಮಾತು. ಇನ್ನು ಖರ್ಚು: ಒಂದು ಮರುಸ್ಕ್ಯಾನ್ ದುಬಾರಿ ಎನ್ನುವವರು ಅದನ್ನು ವಾರಕ್ಕೆ ಮೂರು ಸಲದಂತೆ ಬದುಕಿಡೀ ನಡೆಯುವ ಡಯಾಲಿಸಿಸ್ ಪಕ್ಕದಲ್ಲಿಟ್ಟು ನೋಡಲಿ. ಗಾರ್ಮೆಂಟ್ಸ್ ನೌಕರರಲ್ಲಿ ಬಹುಮಂದಿಗೆ ಇಎಸ್‌ಐ ಸೌಲಭ್ಯವಿದೆ, ರಾಜಾಜಿನಗರದ ಇಎಸ್‌ಐ ಆಸ್ಪತ್ರೆ ದೂರವೇನಿಲ್ಲ. ವಿಕ್ಟೋರಿಯಾ ಆಸ್ಪತ್ರೆಯ ಆವರಣದಲ್ಲಿ ಸರ್ಕಾರದ್ದೇ ನೆಫ್ರೋ ಯೂರಾಲಜಿ ಸಂಸ್ಥೆಯಿದೆ. ಬಿಪಿಎಲ್ ಕುಟುಂಬಗಳಿಗೆ ಆಯುಷ್ಮಾನ್ ಭಾರತ್–ಆರೋಗ್ಯ ಕರ್ನಾಟಕದಡಿ ವರ್ಷಕ್ಕೆ 5 ಲಕ್ಷ ರೂಪಾಯಿವರೆಗಿನ ಚಿಕಿತ್ಸೆಗೆ ಅವಕಾಶವಿದೆ. ಇವನ್ನು ರೋಗಿಗೆ ತಿಳಿಸುವುದೂ ಚಿಕಿತ್ಸೆಯ ಭಾಗವೇ.

ಕಲ್ಲಿನ ಬಗ್ಗೆಯೇ ಇಷ್ಟು ಹೇಳಿದೆನಾದರೂ ತಡೆಗೆ ಕಲ್ಲೊಂದೇ ಕಾರಣವಲ್ಲ. ಕ್ಷಯ ಮೂತ್ರನಾಳವನ್ನು ಕುಗ್ಗಿಸುತ್ತದೆ. ಔಷಧ ನಡೆಯುತ್ತಿರುವಾಗಲೇ ಗಾಯ ಮಾಯುತ್ತಾ ಬಿಗಿತ ಹೆಚ್ಚಬಹುದು, ಆದ್ದರಿಂದ ಕ್ಷಯದ ಮಾತ್ರೆ ಮುಗಿಸಿದವರನ್ನೂ ಸ್ಕ್ಯಾನಿನಿಂದ ಹೊರಗಿಡಲಾಗದು. ಗರ್ಭಕಂಠದ ಕ್ಯಾನ್ಸರ್ ಮೂತ್ರನಾಳವನ್ನು ಹೊರಗಿನಿಂದ ಒತ್ತುತ್ತದೆ. ಹಾಗೆ ಒತ್ತಿ ಮೂತ್ರಪಿಂಡ ಹಿಗ್ಗಿತೆಂದರೆ ಆ ಒಂದು ಕಾರಣಕ್ಕೇ ರೋಗವನ್ನು ಮೂರನೆಯ ‘ಬಿ’ ಹಂತವೆಂದು ಎಣಿಸುತ್ತಾರೆ. ಇಲ್ಲಿ ಪಕ್ಕೆನೋವು ಇಲ್ಲದೆ ಇರುವುದೇ ಹೆಚ್ಚು. ಗರ್ಭಕೋಶದ ರಕ್ತನಾಳದ ಅಡಿಯಲ್ಲೇ ಮೂತ್ರನಾಳ ಹಾದುಹೋಗುವುದರಿಂದ ಗರ್ಭಕೋಶ ತೆಗೆಯುವ ಶಸ್ತ್ರಚಿಕಿತ್ಸೆಯಲ್ಲಿ ಅದಕ್ಕೆ ಪೆಟ್ಟು ಬೀಳುವ, ಹೊಲಿಗೆಯಲ್ಲಿ ಅದೂ ಸೇರಿಹೋಗುವ ಅಪಾಯವಿದೆ. 2015ರ ಸುಮಾರಿಗೆ ಕಲಬುರಗಿ ಜಿಲ್ಲೆಯ ತಾಂಡಾಗಳಲ್ಲಿ ಅನಗತ್ಯವಾಗಿ ಗರ್ಭಕೋಶ ತೆಗೆದ ಸಂಗತಿ ಬಯಲಿಗೆ ಬಂದಾಗ ಚರ್ಚೆಯಾದದ್ದು ಗರ್ಭಕೋಶ ಮಾತ್ರ. ಅನಗತ್ಯವಾದ ಪ್ರತಿಯೊಂದು ಶಸ್ತ್ರಚಿಕಿತ್ಸೆ ಮೂತ್ರನಾಳಕ್ಕೂ ಅನಗತ್ಯ ಅಪಾಯವೇ. ಈ ಆಪರೇಷನ್ ಆದ ಕೆಲವೇ ದಿನಗಳಲ್ಲಿ ಪಕ್ಕೆನೋವು, ಜ್ವರ ಎಂದು ಬಂದ ಹೆಂಗಸಿಗೆ ಗ್ಯಾಸ್ ಮಾತ್ರೆ ಕೊಟ್ಟು ಕಳಿಸಬಾರದು.

ಕೆಲವು ಸಂದರ್ಭಗಳಲ್ಲಿ ವಾರಗಳ ಲೆಕ್ಕವೂ ಸಲ್ಲದು, ಗಂಟೆಗಳ ಲೆಕ್ಕವೇ ಬೇಕು. ತಡೆಯ ಜೊತೆಗೆ ಚಳಿಜ್ವರ ಬಂದರೆ ಕಟ್ಟಿನಿಂತ ಮೂತ್ರ ಕೀವಾಗಿ ನಂಜು ರಕ್ತಕ್ಕೆ ಏರುತ್ತಿದೆ ಎಂದರ್ಥ. ಆಂಟಿಬಯಾಟಿಕ್ ಒಂದೇ ಸಾಲದು. ಒಳಗಿನಿಂದ ಸ್ಟೆಂಟ್ ಇಟ್ಟೋ, ಬೆನ್ನಿನಿಂದ ನೆಫ್ರೋಸ್ಟಮಿ ಕೊಳವೆ ಹಾಕಿಯೋ ಆ ದಿನವೇ ಮೂತ್ರಕ್ಕೆ ದಾರಿ ಮಾಡಬೇಕು. ಎರಡೂ ಸಮಾನವಾಗಿ ಕೆಲಸ ಮಾಡುತ್ತವೆ. ಬೇಗ ಸಿಗುವುದೇ ಒಳ್ಳೆಯದು. ಕಲ್ಲು ತೆಗೆಯುವುದು ನಂಜು ಇಳಿದ ಮೇಲಿನ ಮಾತು. ಮೂತ್ರ ಪೂರ್ತಿ ನಿಂತವರು, ಒಂದೇ ಮೂತ್ರಪಿಂಡ ಇರುವವರು ಇದೇ ಸಾಲಿಗೆ ಸೇರುತ್ತಾರೆ.

ಕಲ್ಲು ತೆಗೆಯುವ ವಿಷಯಕ್ಕೆ ಬಂದರೆ, 1980ರಲ್ಲಿ ಮ್ಯೂನಿಕ್‌ನಲ್ಲಿ ಹೊರಗಿನಿಂದಲೇ ಆಘಾತದ ಅಲೆಗಳಿಂದ ಕಲ್ಲು ಒಡೆಯುವ ಚಿಕಿತ್ಸೆ ಆರಂಭವಾಯಿತು. ಇಂದು ಸಣ್ಣ ದುರ್ಬೀನು ತೂರಿಸಿ ಲೇಸರ್‌ನಿಂದ ಪುಡಿಮಾಡುವುದು ಬೆಂಗಳೂರಿನಲ್ಲಿ ದಿನನಿತ್ಯದ ಕೆಲಸ. ಹಾಗಾದರೆ ತಂತ್ರಜ್ಞಾನ ಈ ಸಮಸ್ಯೆಯನ್ನು ಬಗೆಹರಿಸಿತೇ? ಇಲ್ಲ, ಅದು ಹೊಸದೊಂದು ತಡೆಯನ್ನೂ ತಂದಿತು. ಮೂತ್ರಕ್ಕೆ ದಾರಿ ಮಾಡಲು ಮೂತ್ರನಾಳದೊಳಗೆ ಇಡುವ ಡಿ.ಜೆ. ಸ್ಟೆಂಟ್ ಸಾಮಾನ್ಯವಾಗಿ ಕೆಲವು ವಾರಗಳಿಂದ ಹೆಚ್ಚೆಂದರೆ ಮೂರರಿಂದ ಆರು ತಿಂಗಳು ಇರಬೇಕಾದದ್ದು. ಅದನ್ನು ತೆಗೆಸಬೇಕೆಂದು ತಿಳಿಯದೆ, ಇಲ್ಲವೇ ನೋವಿಲ್ಲವೆಂದು ಉದಾಸೀನ ಮಾಡಿ ಬಿಟ್ಟರೆ, ಸ್ಟೆಂಟಿನ ಮೇಲೇ ಕಲ್ಲು ಬೆಳೆದು ಅದೇ ತಡೆಯಾಗುತ್ತದೆ. ಗಡುವಿಲ್ಲದ ಚಿಕಿತ್ಸೆ ಎಲ್ಲಿಗೆ ಮುಟ್ಟುತ್ತದೆ ಎಂಬುದಕ್ಕೆ ಇದಕ್ಕಿಂತ ನೇರವಾದ ನಿದರ್ಶನ ಬೇಡ.

ಕೊನೆಯದಾಗಿ, ಈ ಭಾಗದ ಕಾರ್ಖಾನೆಗಳ ವಿಷಯ. ಬೋರ್‌ವೆಲ್ಲಿನ ಗಡಸು ನೀರೇ ಕಲ್ಲಿಗೆ ಕಾರಣವೆಂಬ ನಂಬಿಕೆ ಇಲ್ಲಿ ಬಲವಾಗಿದೆ. ಅದಕ್ಕಿರುವ ಪುರಾವೆ ದುರ್ಬಲ. ನೀರು ಕಡಿಮೆ ಕುಡಿಯುವುದು ಕಾರಣವೆಂಬುದಕ್ಕಿರುವ ಪುರಾವೆ ಬಲವಾದದ್ದು. ಶೌಚಾಲಯಕ್ಕೆ ಎದ್ದುಹೋದರೆ ಟಾರ್ಗೆಟ್ ತಪ್ಪುತ್ತದೆಂದು ನೀರನ್ನೇ ಬಿಡುವ ಹೆಂಗಸಿಗೆ ‘ಮೂರು ಲೀಟರ್ ಕುಡಿಯಮ್ಮ’ ಎಂದು ಚೀಟಿ ಬರೆದರೆ ಅದು ಸಲಹೆಯಲ್ಲ. 1948ರ ಕಾರ್ಖಾನೆಗಳ ಕಾಯ್ದೆಯ 18ನೆಯ ಸೆಕ್ಷನ್ ಕುಡಿಯುವ ನೀರನ್ನೂ, 19ನೆಯ ಸೆಕ್ಷನ್ ಶೌಚಾಲಯವನ್ನೂ ಕಾರ್ಮಿಕರಿಗೆ ಒದಗಿಸಬೇಕೆಂದು ದಶಕಗಳ ಹಿಂದೆಯೇ ವಿಧಿಸಿತು. ಅವನ್ನು ಬಳಸುವಷ್ಟು ಬಿಡುವು ಕೊಡುವುದು ಮೂತ್ರಪಿಂಡದ ಆರೋಗ್ಯದ ಪ್ರಶ್ನೆಯೆಂದು ಮಾಲೀಕರಿಗೆ ಹೇಳಬಲ್ಲವರು ವೈದ್ಯರೇ.

ಆದ್ದರಿಂದ ಇಂದಿನ ಗೋಷ್ಠಿಗಳು ಮುಗಿಯುವ ಹೊತ್ತಿಗೆ ನಾಲ್ಕು ನಿರ್ಧಾರಗಳು ಹೊರಬರಲಿ ಎಂದು ಕೋರುತ್ತೇನೆ. ಪಕ್ಕೆನೋವಿಗೆ ಎರಡನೆಯ ಸಲ ಮಾತ್ರೆ ಕೇಳಿ ಬಂದವರನ್ನು ಮೆಡಿಕಲ್ ಶಾಪಿನವರು ವೈದ್ಯರ ಬಳಿಗೆ ಕಳಿಸಲಿ. ಕಲ್ಲಿದೆಯೆಂದು ತಿಳಿದ ಪ್ರತಿಯೊಬ್ಬರ ಚೀಟಿಯಲ್ಲೂ ಕುಟುಂಬ ವೈದ್ಯರು ಮರುಸ್ಕ್ಯಾನಿನ ತಾರೀಖು ಬರೆಯಲಿ, ಕಲ್ಲು ಬಿದ್ದದ್ದನ್ನು ಕಣ್ಣಾರೆ ಕಾಣದ ಹೊರತು ಅದನ್ನು ರದ್ದು ಮಾಡದಿರಲಿ. ಚಳಿಜ್ವರದ ಜೊತೆ ಪಕ್ಕೆನೋವಿದ್ದವರನ್ನು ಅಂದೇ ದೊಡ್ಡಾಸ್ಪತ್ರೆಗೆ ಸಾಗಿಸುವ ವ್ಯವಸ್ಥೆಯಾಗಲಿ. ಸ್ಟೆಂಟ್ ಹಾಕಿದ ಪ್ರತಿ ಆಸ್ಪತ್ರೆ ತೆಗೆಯುವ ದಿನವನ್ನು ಕನ್ನಡದಲ್ಲಿ ಬರೆದುಕೊಟ್ಟು, ಅದರ ರಿಜಿಸ್ಟರ್ ಇಟ್ಟು, ಬಾರದವರಿಗೆ ಫೋನ್ ಮಾಡಲಿ. ಇದಾವುದಕ್ಕೂ ಹೊಸ ಯಂತ್ರ ಬೇಕಿಲ್ಲ, ಹೊಸ ಅನುದಾನವೂ ಬೇಕಿಲ್ಲ. ಇವನ್ನು ನಾಳೆ ಬೆಳಗಿನ ಓಪಿಡಿಯಿಂದಲೇ ಆರಂಭಿಸಬಹುದು, ಆರಂಭಿಸಬೇಕು.