ಸ್ವಾಧೀನದ ಜಗಳ ಮತ್ತು ಮ್ಯಾಜಿಸ್ಟ್ರೇಟರು

ಭತ್ತದ ತೆನೆ ಬಾಗಿ ನಿಂತಿದೆ. ನಾಳೆ ಕೊಯ್ಲು. ಬದುವಿನ ಈಚೆ ಹತ್ತು ಮಂದಿ ಕುಡುಗೋಲು ಹಿಡಿದಿದ್ದಾರೆ, ಆಚೆ ಹತ್ತು ಮಂದಿ ದೊಣ್ಣೆ ಹಿಡಿದಿದ್ದಾರೆ. ಒಬ್ಬನ ಕೈಯಲ್ಲಿ ಕ್ರಯಪತ್ರ. ಇನ್ನೊಬ್ಬನು ಉತ್ತು ಬಿತ್ತಿದವನು. ಹಕ್ಕು ಯಾರದೆಂದು ಸಿವಿಲ್ ನ್ಯಾಯಾಲಯ ತೀರ್ಮಾನಿಸುವುದಕ್ಕೆ ವರ್ಷಗಳು ಬೇಕು. ತೆನೆ ಅಷ್ಟು ದಿನ ಕಾಯುವುದಿಲ್ಲ, ದೊಣ್ಣೆಯೂ ಕಾಯುವುದಿಲ್ಲ.

ಇಂತಹ ಗಳಿಗೆಗೆಂದೇ ಕಾನೂನಿನಲ್ಲಿ ಒಂದು ಏರ್ಪಾಡಿದೆ. 1898ರ ಕ್ರಿಮಿನಲ್ ಪ್ರೊಸೀಜರ್ ಕೋಡಿನಲ್ಲಿಯೂ 1973ರದರಲ್ಲಿಯೂ ಅದು 145ನೆಯ ಕಲಮು. 2024ರ ಜುಲೈ 1ರಿಂದ ಜಾರಿಗೆ ಬಂದಿರುವ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ 164ನೆಯದು. ಸಂಖ್ಯೆ ಬದಲಾಯಿತು, ಸಾರ ಅದೇ.

ನೆಲ ಅಥವಾ ನೀರಿನ ವಿಷಯದಲ್ಲಿ ಶಾಂತಿಭಂಗವಾಗುವಂತಹ ವಿವಾದವಿದೆಯೆಂದು ಪೊಲೀಸರ ವರದಿಯಿಂದಲೋ ಬೇರೆ ರೀತಿಯಿಂದಲೋ ಎಕ್ಸಿಕ್ಯುಟಿವ್ ಮ್ಯಾಜಿಸ್ಟ್ರೇಟರಿಗೆ ಮನವರಿಕೆಯಾಗಬೇಕು. ತಾಲ್ಲೂಕುಗಳಲ್ಲಿ ಸಾಮಾನ್ಯವಾಗಿ ತಹಸೀಲ್ದಾರರೇ ಈ ಮ್ಯಾಜಿಸ್ಟ್ರೇಟರು. ಅವರು ಕಾರಣಗಳನ್ನು ಬರೆದು ಆಜ್ಞೆ ಹೊರಡಿಸಿ, ಉಭಯ ಪಕ್ಷದವರೂ ಬಂದು ಹೇಳಿಕೆ ಕೊಡಬೇಕೆನ್ನುತ್ತಾರೆ. ಆಜ್ಞೆಯ ಒಂದು ಪ್ರತಿಯನ್ನು ಜಮೀನಿನ ಹತ್ತಿರ ಎಲ್ಲರಿಗೂ ಕಾಣುವಂತೆ ಅಂಟಿಸುತ್ತಾರೆ.

ಅವರು ಕೇಳುವ ಪ್ರಶ್ನೆ ಒಂದೇ: ಆಜ್ಞೆಯ ದಿನ ವಾಸ್ತವವಾಗಿ ಸ್ವಾಧೀನದಲ್ಲಿದ್ದವರು ಯಾರು? ಜಮೀನು ಯಾರಿಗೆ ಸೇರತಕ್ಕದ್ದು ಎಂಬುದು ಅವರ ಪ್ರಶ್ನೆಯಲ್ಲ. ಪಟ್ಟಣದಲ್ಲಿ ನೌಕರಿಯಲ್ಲಿದ್ದು, ಊರಿನ ಜಮೀನಿನ ಪತ್ರವನ್ನು ಪೆಟ್ಟಿಗೆಯಲ್ಲಿ ಭದ್ರವಾಗಿಟ್ಟುಕೊಂಡಿರುವ ನಮ್ಮಂಥವರು ಇದನ್ನು ಮನಗಾಣಬೇಕು. ಆಳಿಟ್ಟು ಮಾಡಿಸಿದರೂ ಸ್ವಾಧೀನವೇ. ಬರಿಯ ಪತ್ರ ಸ್ವಾಧೀನವಲ್ಲ. ಪತ್ರವಿದ್ದವನೇ ಈ ವಿಚಾರಣೆಯಲ್ಲಿ ಸೋತು ಮನೆಗೆ ಬರಬಹುದು. ಹಾಗೆಂದು ಗೆದ್ದವನು ಒಡೆಯನಾದನೆಂದೂ ಅಲ್ಲ. ಕಾನೂನಿನ ಮಾರ್ಗದಲ್ಲಿ ಬಿಡಿಸುವವರೆಗೆ ಮಾತ್ರ ಅವನನ್ನು ಯಾರೂ ಅಲುಗಿಸಕೂಡದು.

ಹಾಗಾದರೆ ರಾತ್ರೋರಾತ್ರಿ ಬೇಲಿ ಕಿತ್ತು ಒಳಹೊಕ್ಕವನೇ ಜಾಣನೆ? ಅಲ್ಲ. ವರದಿ ಬಂದ ದಿನಕ್ಕೆ ಹಿಂದಿನ ಎರಡು ತಿಂಗಳೊಳಗೆ ಬಲಾತ್ಕಾರದಿಂದ, ಅನ್ಯಾಯವಾಗಿ ಹೊರದೂಡಲ್ಪಟ್ಟವನನ್ನು ಇನ್ನೂ ಸ್ವಾಧೀನದಲ್ಲಿದ್ದವನೆಂದೇ ಮ್ಯಾಜಿಸ್ಟ್ರೇಟರು ಎಣಿಸಬಹುದು. ಆದ್ದರಿಂದ ಹೊರದೂಡಲ್ಪಟ್ಟವನು ಹಬ್ಬ ಕಳೆಯಲಿ, ಮದುವೆ ಮುಗಿಯಲಿ ಎಂದು ಕೂರಬಾರದು. ಎರಡು ತಿಂಗಳು ಕೈತಪ್ಪಿದರೂ 1963ರ ಸ್ಪೆಸಿಫಿಕ್ ರಿಲೀಫ್ ಆಕ್ಟಿನ 6ನೆಯ ಕಲಮಿನಂತೆ ಆರು ತಿಂಗಳೊಳಗೆ ಸಿವಿಲ್ ದಾವೆ ಹೂಡಬಹುದು.

ಯಾರ ಸ್ವಾಧೀನವೆಂದು ತಿಳಿಯದೆ ಹೋದರೆ, ಅಥವಾ ತುರ್ತಾದರೆ, ಮ್ಯಾಜಿಸ್ಟ್ರೇಟರು ಸ್ವತ್ತನ್ನೇ ಜಪ್ತಿ ಮಾಡಬಹುದು. ಮಾಗಿದ ಪೈರು ಹಾಳಾಗುವಂತಿದ್ದರೆ ಅದನ್ನು ಕಾಪಾಡಲು ಅಥವಾ ಮಾರಲು ಅಪ್ಪಣೆ ಕೊಡಬಹುದು.

ಈ ಅಧಿಕಾರದ ದುರುಪಯೋಗವೂ ಉಂಟು. ಸಿವಿಲ್ ನ್ಯಾಯಾಲಯದಲ್ಲಿ ಬೇಗ ಸಿಗದುದನ್ನು ಒಂದು ಸುಳ್ಳು ಗಲಭೆಯ ನೆಪದಿಂದ ಇಲ್ಲಿ ಪಡೆಯಲು ನೋಡುವವರಿದ್ದಾರೆ. ಸ್ವಾಧೀನದ ದಾವೆ ಸಿವಿಲ್ ನ್ಯಾಯಾಲಯದಲ್ಲಿ ನಡೆಯುತ್ತಿರುವಾಗ ಜೊತೆಜೊತೆಗೇ ಈ ವಿಚಾರಣೆಯನ್ನೂ ನಡೆಸುವುದು ಸರಿಯಲ್ಲವೆಂದು ಸುಪ್ರೀಂ ಕೋರ್ಟು ಹೇಳಿದೆ.

ಇನ್ನೊಂದು ಮಾತು. ಮ್ಯಾಜಿಸ್ಟ್ರೇಟರ ಮುಂದೆ ಯಾವ ಕಕ್ಷಿಯಾದರೂ, ಸಂಬಂಧಪಟ್ಟ ಬೇರೆ ಯಾರಾದರೂ, ಜಗಳ ಇಲ್ಲವೆಂದು ತೋರಿಸಿಕೊಡಬಹುದು. ತೋರಿಸಿಕೊಟ್ಟರೆ ಅವರು ಆಜ್ಞೆಯನ್ನು ರದ್ದುಮಾಡಲೇಬೇಕು. ಬದುವಿನ ಆಚೆಯವನೂ ಈಚೆಯವನೂ ಒಂದೇ ಬಸ್ಸಿನಲ್ಲಿ ತಾಲ್ಲೂಕು ಕಚೇರಿಗೆ ಹೋಗಿ ಹಾಗೆಂದು ಹೇಳಿ ಬರುವುದಕ್ಕೆ ಯಾವ ಅಡ್ಡಿಯೂ ಇಲ್ಲ.